ಊರು ಬಿಟ್ಟವರು ಕಟ್ಟಿದ ಊರು

ಅಜ್ಜಿಯ ಸೊಂಟದ ದಾರದಲ್ಲಿ ಎರಡು ಬೀಗದ ಕೈಗಳಿದ್ದವು. ಒಂದು ಬೆರಳುದ್ದದ, ತುಕ್ಕು ಹಿಡಿದ ಕಬ್ಬಿಣದ್ದು. ಇನ್ನೊಂದು ಫಳಫಳ ಹೊಳೆಯುವ ಉಕ್ಕಿನದ್ದು. ಮೊದಲನೆಯದು ಅವರು ಬಾಳುತ್ತಿರುವ ಮನೆಯದು, ಎರಡನೆಯದು ಯಾರೂ ಬಾಳದ ಮನೆಯದು.

ನಾನು ಚೀನಾದ ಹಾಂಗ್‌ಝೌನಲ್ಲಿ ಕೆಲಸಕ್ಕಿದ್ದ ವರ್ಷಗಳಲ್ಲಿ ಒಮ್ಮೆ, ಏಪ್ರಿಲ್ ಮೊದಲ ವಾರದ ಚಿಂಗ್‌ಮಿಂಗ್ ರಜೆಗೆ, ಕಚೇರಿಯ ಗೆಳತಿಯೊಬ್ಬಳು ತನ್ನ ಅಜ್ಜಿಯ ಊರಿಗೆ ಕರೆದಳು. ಚಿಂಗ್‌ಮಿಂಗ್ ಎಂದರೆ ಅವರ ಹಿರಿಯರ ಹಬ್ಬ. ಸಮಾಧಿಯ ಮೇಲೆ ಬೆಳೆದ ಕಳೆ ಕಿತ್ತು, ಗುಡಿಸಿ, ಎಡೆಯಿಟ್ಟು, ಕಾಗದದ ಹಣ ಸುಟ್ಟು ಬರುವ ದಿನ. ಸತ್ತವರಿಗೂ ಅಲ್ಲಿ ಖರ್ಚಿಗೆ ಬೇಕಲ್ಲ. ಇದಕ್ಕೆ ದೇಶಕ್ಕೆಲ್ಲ ರಜೆ ಸಿಗುತ್ತಿರುವುದು 2008ರಿಂದ ಈಚೆಗೆ. ಅದಕ್ಕೆ ಮೊದಲು ಜನ ಬಿಡುವು ಮಾಡಿಕೊಂಡೋ ಭಾನುವಾರ ನೋಡಿಯೋ ಹೋಗಿ ಬರುತ್ತಿದ್ದರು.

ಹಾಂಗ್‌ಝೌನಿಂದ ಅಜ್ಜಿಯ ಊರಿನ ಕಡೆಯ ಹುವಾಂಗ್‌ಶಾನ್‌ಗೆ ವೇಗದ ರೈಲು ಶುರುವಾದದ್ದು 2018ರ ಡಿಸೆಂಬರ್‌ನಲ್ಲಿ. ಅದಕ್ಕೂ ಮೊದಲು ಬಸ್ಸು, ಬಸ್ಸಿಗೂ ಮೊದಲು ದೋಣಿ. ಶಿನ್‌ಆನ್ ನದಿಯಲ್ಲಿ ಚಹಾ, ಮರದ ದಿಮ್ಮಿ, ಬರೆಯುವ ಮಸಿ ಹೊತ್ತ ದೋಣಿಗಳು ಹಾಂಗ್‌ಝೌ ಕಡೆಗೆ ಇಳಿಯುತ್ತಿದ್ದವು, ಉಪ್ಪು ಅಕ್ಕಿ ಹೊತ್ತು ಮೇಲಕ್ಕೆ ಬರುತ್ತಿದ್ದವು. 1950ರ ದಶಕದ ಕೊನೆಗೆ ಆ ನದಿಗೆ ಅಡ್ಡಲಾಗಿ ಅಣೆಕಟ್ಟು ಎದ್ದಿತು. 1959ರಲ್ಲಿ ನೀರು ನಿಂತಾಗ ಎರಡು ಹಳೆಯ ಪಟ್ಟಣಗಳೂ ಎಣಿಕೆ ತಪ್ಪುವಷ್ಟು ಹಳ್ಳಿಗಳೂ ಮುಳುಗಿದವು, ಸುಮಾರು 2.9 ಲಕ್ಷ ಜನ ಗಂಟುಮೂಟೆ ಕಟ್ಟಿದರು. ಬೆಟ್ಟಗಳ ನೆತ್ತಿಗಳು ಮಾತ್ರ ನೀರಿನ ಮೇಲೆ ಉಳಿದುಕೊಂಡದ್ದರಿಂದ ಈಗ ಅದು ಸಾವಿರ ದ್ವೀಪಗಳ ಸರೋವರ. ಬಾಟಲಿ ನೀರಿಗೂ ಮೀನಿನ ತಲೆಯ ಸಾರಿಗೂ ಹೆಸರುವಾಸಿ. ಸರೋವರದ ಹೆಸರಿನ ನಿಲ್ದಾಣದಲ್ಲಿ ರೈಲು ನಿಂತಾಗ ಅರ್ಧ ಬೋಗಿ ಖಾಲಿಯಾಯಿತು. ಇಳಿದವರೆಲ್ಲ ರಜೆಯ ಮಜಾಕ್ಕೆ ಬಂದವರು. ಗೆಳತಿ ಕಿಟಕಿಯಾಚೆ ನೋಡುತ್ತ, ‘ನಮ್ಮ ಕಡೆಯವರು ಹಾಂಗ್‌ಝೌಗೆ ಹೋಗುತ್ತಿದ್ದ ದಾರಿ ಈ ನೀರಿನ ಅಡಿಯಲ್ಲಿದೆ’ ಎಂದಳು. ಅವಳ ದನಿಯಲ್ಲಿ ದುಃಖವೇನೂ ಇರಲಿಲ್ಲ. ಅವಳು ಹುಟ್ಟುವ ಎಷ್ಟೋ ಮೊದಲಿನ ಮಾತು ಅದು.

ಅವಳ ಊರು ಹಳೆಯ ಹುಯಿಝೌ ಸೀಮೆಗೆ ಸೇರಿದ್ದು. ಆನ್‌ಹುಯಿ ಪ್ರಾಂತ್ಯದ ಹೆಸರಿನಲ್ಲಿರುವ ‘ಹುಯಿ’ ಈ ಹುಯಿಝೌದೇ. ಆದರೂ 1987ರಲ್ಲಿ ಪ್ರವಾಸಿಗರನ್ನು ಸೆಳೆಯುವ ಬೆಟ್ಟದ ಹೆಸರನ್ನು ಸೀಮೆಗೇ ಇಟ್ಟು ಹುವಾಂಗ್‌ಶಾನ್ ನಗರ ಎಂದು ಮಾಡಿದರು. ಹುಯಿಝೌ ಎಂಬುದು ಈಗ ಅದರೊಳಗಿನ ಒಂದು ಸಣ್ಣ ವಿಭಾಗದ ಹೆಸರಾಗಿ ಉಳಿದಿದೆ. ಅಲ್ಲಿಯವರಿಗೆ ಇದರ ಸಿಟ್ಟು ಇನ್ನೂ ಆರಿಲ್ಲ. ಟ್ಯಾಕ್ಸಿ ಚಾಲಕನೊಬ್ಬ ಅರ್ಧ ಗಂಟೆ ಇದನ್ನೇ ಹೇಳಿ ನನ್ನ ತಲೆ ತಿಂದ.

ಆ ಸೀಮೆಯ ಒಂದು ಹಳೆಯ ಮಾತು ಹೀಗಿದೆ: ‘ಹೋದ ಜನ್ಮದಲ್ಲಿ ಪುಣ್ಯ ಮಾಡಲಿಲ್ಲ, ಹುಯಿಝೌನಲ್ಲಿ ಹುಟ್ಟಿದೆವು, ಹದಿಮೂರು ಹದಿನಾಲ್ಕಕ್ಕೆ ಹೊರಗೆ ಎಸೆದುಬಿಟ್ಟರು.’ ಸುತ್ತ ಬೆಟ್ಟ, ನಡುವೆ ಅಂಗೈಯಗಲದ ಗದ್ದೆ. ಹತ್ತು ಪಾಲಿನಲ್ಲಿ ಏಳು ಪಾಲು ಬೆಟ್ಟ, ಒಂದು ಪಾಲು ನೀರು, ಒಂದು ಪಾಲು ಹೊಲ, ಉಳಿದೊಂದರಲ್ಲಿ ಊರು ಮತ್ತು ದಾರಿ ಎಂಬುದು ಅವರ ಲೆಕ್ಕ. ಹೀಗಾಗಿ ಹುಡುಗ ಮೀಸೆ ಚಿಗುರುವ ಮೊದಲೇ ಯಾವುದೋ ಪಟ್ಟಣದ ಅಂಗಡಿಗೆ ಕೆಲಸ ಕಲಿಯಲು ಹೊರಡಬೇಕು. ಉಪ್ಪು, ಚಹಾ, ಮರ, ಗಿರವಿ ಅಂಗಡಿ, ಈ ನಾಲ್ಕರಲ್ಲಿ ಮಿಂಗ್ ಮತ್ತು ಚಿಂಗ್ ರಾಜರ ಕಾಲದ ಹುಯಿಝೌ ವರ್ತಕರು ಅಪಾರ ಹಣ ಮಾಡಿದರು. ಆ ಹಣ ಊರಿಗೆ ಬಂತು, ಮನೆಯಾಯಿತು, ಕುಲದ ಗುಡಿಯಾಯಿತು, ಕಲ್ಲಿನ ಕಮಾನಾಯಿತು. ಮನುಷ್ಯ ಮಾತ್ರ ಮೂರು ವರ್ಷಕ್ಕೋ ಐದು ವರ್ಷಕ್ಕೋ ಒಮ್ಮೆ ಬಂದ, ಬಾರದೆಯೂ ಉಳಿದ.

ಇಂದು ಜಗತ್ತಿನ ಕ್ಯಾಲೆಂಡರುಗಳಲ್ಲಿ ಚೀನಾದ ‘ಸಾಂಪ್ರದಾಯಿಕ ಹಳ್ಳಿ’ ಎಂದು ನಾವು ನೋಡುವ ಬಿಳಿ ಗೋಡೆ, ಕಪ್ಪು ಹೆಂಚಿನ ಚಿತ್ರ ಬಹಳ ಸಲ ಇಲ್ಲಿಯದೇ. ಶೀದಿ ಮತ್ತು ಹೊಂಗ್‌ಚುನ್ ಎಂಬ ಎರಡು ಹಳ್ಳಿಗಳು 2000ದಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ನಾವು ಹೊಂಗ್‌ಚುನ್‌ಗೂ ಹೋದೆವು. ಊರೊಳಗೆ ಕಾಲಿಡಲು ನೂರು ಯುವಾನಿಗೂ ಹೆಚ್ಚಿನ ಟಿಕೆಟ್. ಅರ್ಧಚಂದ್ರದ ಕೊಳದ ಸುತ್ತ ಕಲಾಶಾಲೆಯ ಮಕ್ಕಳು ಸಾಲಾಗಿ ಮಣೆ ಹಾಕಿಕೊಂಡು ಒಂದೇ ನೋಟವನ್ನು ನೂರು ಹಾಳೆಗಳಲ್ಲಿ ಬರೆಯುತ್ತಿದ್ದರು. ಅವರ ನಡುವೆ ದಾರಿ ಮಾಡಿಕೊಂಡು ಬಂದ ಹೆಂಗಸೊಬ್ಬಳು ಕೊಳದ ಮೆಟ್ಟಿಲಲ್ಲಿ ಕುಳಿತು ನೆಲ ಒರೆಸುವ ಬಟ್ಟೆ ಒಗೆದಳು. ಮಕ್ಕಳು ಅವಳನ್ನೂ ಬರೆದರು. ಒರೆಸುವ ಬಟ್ಟೆಯ ಪ್ಲಾಸ್ಟಿಕ್ ಬಕೆಟ್ಟು ಕಡುಗುಲಾಬಿ ಬಣ್ಣದ್ದು, ಅದನ್ನು ಮಾತ್ರ ಯಾರೂ ಬರೆಯಲಿಲ್ಲ.

ಬಸ್ಸಿನಲ್ಲಿ ಗೆಳತಿಯ ಊರಿಗೆ ಹೋಗುವಾಗ ನಾನೂ ಅದೇ ತಪ್ಪು ಮಾಡಿದೆ. ದಾರಿಯುದ್ದಕ್ಕೂ ಹಳೆಯ ಮನೆಗಳ ಪಕ್ಕದಲ್ಲಿ ಮೂರಂತಸ್ತಿನ ಕಾಂಕ್ರೀಟ್ ಮನೆಗಳು. ಮುಂಭಾಗಕ್ಕೆ ಸ್ನಾನದ ಮನೆಯ ಟೈಲ್ಸು, ಮಾಳಿಗೆಯಲ್ಲಿ ಉಕ್ಕಿನ ನೀರಿನ ತೊಟ್ಟಿ, ನೀಲಿ ಗಾಜಿನ ಕಿಟಕಿ, ಪಕ್ಕದ ಗೋಡೆಗಳಿಗೆ ಗಿಲಾವೂ ಇಲ್ಲ. ‘ಎಂಥಾ ಚೆಂದದ ಊರುಗಳನ್ನು ಹಾಳು ಮಾಡುತ್ತಿದ್ದಾರೆ’ ಎಂದೆ. ಗೆಳತಿ ತುಸು ಹೊತ್ತು ಸುಮ್ಮನಿದ್ದು, ‘ಮುಂದೆ ಬರುವ ಬಿಳಿ ಟೈಲ್ಸಿನ ಮನೆ ನನ್ನ ಅಪ್ಪನದು’ ಎಂದಳು.

ಆಮೇಲೆ ಮೂರು ದಿನ ನನಗೆ ಯೋಚಿಸಲು ಅದೊಂದೇ ಮಾತು ಸಾಕಾಯಿತು. ಹಳೆಯ ಮನೆ ಯಾರದು? ಊರು ಬಿಟ್ಟು ದುಡಿಯಲು ಹೋದವನು ಕಳಿಸಿದ ಹಣದಿಂದ ಕಟ್ಟಿದ್ದು. ಹೊಸ ಮನೆ ಯಾರದು? ಅದೂ ಹಾಗೆಯೇ. ಮುನ್ನೂರು ವರ್ಷದ ಹಿಂದೆ ಉಪ್ಪಿನ ವ್ಯಾಪಾರಿ ತನ್ನ ಬಾಗಿಲಿನ ಮೇಲೆ ಇಟ್ಟಿಗೆಯ ಕೆತ್ತನೆ ಮಾಡಿಸಿ ನೆರೆಯವರ ಹೊಟ್ಟೆ ಉರಿಸಿದ. ಇಂದಿನವನು ಟೈಲ್ಸು ಹಚ್ಚಿ ಉರಿಸುತ್ತಾನೆ. ಕೆತ್ತನೆಗೂ ಟೈಲ್ಸಿಗೂ ಇರುವ ಅಂತರ ನನ್ನ ಕಣ್ಣಿಗೆ ಈಗಲೂ ದೊಡ್ಡದೇ, ಅದನ್ನು ಮುಚ್ಚಿಡುವುದಿಲ್ಲ. ಆದರೆ ಒಂದನ್ನು ಪರಂಪರೆ, ಇನ್ನೊಂದನ್ನು ಪರಂಪರೆಯ ನಾಶ ಎನ್ನುವ ಧೈರ್ಯ ಆ ಬಸ್ಸಿನಿಂದ ಇಳಿಯುವಾಗ ಉಳಿದಿರಲಿಲ್ಲ.

ಅಜ್ಜಿ ಇರುವುದು ಹಳೆಯ ಮನೆಯಲ್ಲಿ. ನಮ್ಮ ತೊಟ್ಟಿಮನೆ ಕಂಡವರಿಗೆ ಒಳಗೆ ಕಾಲಿಟ್ಟ ಕೂಡಲೇ ಗುರುತು ಹತ್ತುತ್ತದೆ. ನಡುವೆ ಆಕಾಶಕ್ಕೆ ತೆರೆದ ಅಂಕಣ, ನಾಲ್ಕೂ ಮಾಡಿನ ಮಳೆನೀರು ಒಳಗೇ ಬೀಳುತ್ತದೆ. ನಾಲ್ಕು ಕಡೆಯ ನೀರು ಮನೆಗೇ ಮರಳುತ್ತದೆ ಎಂದರೆ ಹಣವೂ ಹಾಗೆಯೇ ಮರಳಲಿ ಎಂದು ವರ್ತಕರ ಹಾರೈಕೆ. ಹೊರಗೋಡೆಗಳು ಎತ್ತರ, ಕಿಟಕಿಗಳು ಇದ್ದರೂ ಮೇಲೆಲ್ಲೋ ಚೌಕಾಕಾರದ ಚಿಕ್ಕ ತೂತುಗಳು. ಕಳ್ಳರ ಭಯಕ್ಕೆ ಎನ್ನುತ್ತಾರೆ. ಒಳಗಿರುವ ಸೊಸೆ ಹೊರಗೆ ಇಣುಕದಿರಲಿ ಎಂದೂ ಎನ್ನುತ್ತಾರೆ. ಹತ್ತಿರದ ಟಾಂಗ್‌ಯುವೆಯಲ್ಲಿ ಏಳು ಕಲ್ಲಿನ ಕಮಾನುಗಳ ಸಾಲಿದೆ. ಅದರಲ್ಲಿ ಎರಡು, ಗಂಡ ಸತ್ತ ಮೇಲೆ ಮರುಮದುವೆಯಾಗದೆ ಬಾಳು ಸವೆಸಿದ ಹೆಂಗಸರ ಗೌರವಕ್ಕೆ ನಿಲ್ಲಿಸಿದವು. ಚೆಂದದ ಕಲ್ಲು, ಚೆಂದದ ಕೆಲಸ. ಅದರ ಕೆಳಗೆ ನಿಂತು ಫೋಟೊ ತೆಗೆಸಿಕೊಳ್ಳಲು ನನಗೆ ಮನಸ್ಸಾಗಲಿಲ್ಲ.

ಪಡಸಾಲೆಯಲ್ಲಿ ಗೋಡೆಗೆ ಒತ್ತಿದಂತೆ ಉದ್ದನೆಯ ಮೇಜು. ಅದರ ನಡುವೆ ಗಡಿಯಾರ, ಒಂದು ಬದಿಗೆ ಹೂದಾನಿ, ಇನ್ನೊಂದು ಬದಿಗೆ ಕನ್ನಡಿ. ಹುಯಿಝೌ ಮನೆಗಳಲ್ಲೆಲ್ಲ ಇದೇ ಕ್ರಮ. ಗಡಿಯಾರದ ಸದ್ದು, ಹೂದಾನಿ, ಕನ್ನಡಿ ಇವುಗಳ ಚೀನೀ ಹೆಸರುಗಳನ್ನು ಒಟ್ಟಿಗೆ ಉಚ್ಚರಿಸಿದರೆ ‘ಬಾಳೆಲ್ಲ ನೆಮ್ಮದಿ’ ಎಂದು ಕೇಳಿಸುತ್ತದೆ. ಅಜ್ಜಿಯ ಗಡಿಯಾರ ನಿಂತು ವರ್ಷಗಳಾಗಿದ್ದವು. ಹೂದಾನಿಗೆ ಆನಿಸಿ ಮೊಬೈಲ್ ನಿಲ್ಲಿಸಿದ್ದರು. ಸಂಜೆ ಏಳಕ್ಕೆ ಮಗನ ಮುಖ ಅದರಲ್ಲಿ ಬರುತ್ತದೆ. ಮೊಬೈಲನ್ನು ಕೈಯಲ್ಲಿ ಹಿಡಿದರೆ ಅದು ನಡುಗುತ್ತದೆ, ಮಗ ಗಾಬರಿಯಾಗುತ್ತಾನೆ, ಅದಕ್ಕೇ ಹೂದಾನಿ.

ಪಡಸಾಲೆಯ ಎರಡೂ ಪಕ್ಕಕ್ಕೆ ಅರ್ಧ ವೃತ್ತದ ಎರಡು ಮೇಜುಗಳು. ಗಂಡ ಊರಲ್ಲಿದ್ದರೆ ಎರಡನ್ನೂ ಸೇರಿಸಿ ದುಂಡು ಮೇಜು ಮಾಡುತ್ತಿದ್ದರು, ಇಲ್ಲದಿದ್ದರೆ ಬೇರೆ ಬೇರೆ ಇಡುತ್ತಿದ್ದರು, ಬಂದವರಿಗೆ ಬಾಗಿಲಲ್ಲೇ ಗೊತ್ತಾಗುತ್ತಿತ್ತು ಎಂಬುದು ಅಲ್ಲಿನ ಪ್ರವಾಸಿ ಮಾರ್ಗದರ್ಶಿಗಳು ಎಲ್ಲರಿಗೂ ಹೇಳುವ ಕತೆ. ಅಜ್ಜಿಯನ್ನು ಕೇಳಿದೆ. ಅವರ ಮಾತು ಆ ಕಣಿವೆಯ ನುಡಿ, ನನ್ನ ಹರಕು ಮ್ಯಾಂಡರಿನ್ ಅಲ್ಲಿ ಕೆಲಸಕ್ಕೆ ಬಾರದು. ಒಂದು ಬೆಟ್ಟ ದಾಟಿದರೆ ಅವರ ನುಡಿಯೂ ನೆರೆಯವರಿಗೆ ಅರ್ಥವಾಗುವುದಿಲ್ಲವಂತೆ. ಗೆಳತಿ ಮೊಮ್ಮಗಳಾಗಿ ಕೇಳಿ, ದುಭಾಷಿಯಾಗಿ ಹೇಳಿದಳು: ‘ಮೇಜು ಸೇರಿಸಿದರೆ ನಡುವೆ ಸಂದು ಬೀಳುತ್ತದೆ, ಊಟ ಚೆಲ್ಲುತ್ತದೆ, ಅದಕ್ಕೆ ಬೇರೆ ಇಟ್ಟಿದ್ದೇನೆ ಅನ್ನುತ್ತಾರೆ ನೈನೈ.’ ಅಜ್ಜಿಯನ್ನು ಅವರು ನೈನೈ ಎನ್ನುತ್ತಾರೆ.

ಈ ಮೊಮ್ಮಗಳನ್ನು ಸಾಕಿದ್ದೂ ಅಜ್ಜಿಯೇ. ಹಿಂದೆ ಗಂಡಸರು ಮಾತ್ರ ಹೊರಗೆ ಹೋಗುತ್ತಿದ್ದರು, ಹೆಂಡತಿ ಮಕ್ಕಳು ಊರಲ್ಲಿರುತ್ತಿದ್ದರು. 1980ರ ದಶಕದಿಂದ ಈಚೆಗೆ ಗಂಡ ಹೆಂಡತಿ ಇಬ್ಬರೂ ಹೊರಟರು. ಮಕ್ಕಳು ಹಿಂದೆ ಉಳಿದದ್ದಕ್ಕೆ ಕಾರಣ ಹುಕೌ. 1958ರಲ್ಲಿ ಕಾಯಿದೆಯಾದ ಈ ಮನೆವಾರು ನೋಂದಣಿ, ಪ್ರತಿಯೊಬ್ಬರನ್ನೂ ಹಳ್ಳಿಯವರು ಅಥವಾ ನಗರದವರು ಎಂದು ಬರೆದಿಟ್ಟಿತು. ನಗರದ ಕಾರ್ಖಾನೆಗೆ ಕೈಗಳು ಬೇಕು, ಆ ಕೈಗಳ ಮಕ್ಕಳಿಗೆ ನಗರದ ಶಾಲೆಯಲ್ಲಿ ಜಾಗ ಸಿಗುವುದು ಕಷ್ಟ. ಕಟ್ಟುಪಾಡು ಈಗ ಎಷ್ಟೋ ಸಡಿಲವಾಗಿದೆ, ಆದರೂ ಕಾಲೇಜು ಪ್ರವೇಶದ ಪರೀಕ್ಷೆ ಬಂದಾಗ ತಮ್ಮ ನೋಂದಣಿಯ ಪ್ರಾಂತ್ಯಕ್ಕೇ ಮರಳಬೇಕಾದ ಮಕ್ಕಳು ಬಹಳ. ಹೀಗೆ ಊರಲ್ಲಿ ಉಳಿದವರನ್ನು ‘ಹಿಂದೆ ಉಳಿದ ಮಕ್ಕಳು’ ಎಂದೇ ಸರ್ಕಾರಿ ಕಾಗದಗಳೂ ಪತ್ರಿಕೆಗಳೂ ಕರೆಯುತ್ತವೆ. ಗೆಳತಿ ತನ್ನ ಬಗ್ಗೆ ಹೆಚ್ಚು ಹೇಳಿಕೊಳ್ಳುವವಳಲ್ಲ. ಒಂದು ಮಾತು ಮಾತ್ರ ಹೇಳಿದಳು: ನಾಲ್ಕು ವರ್ಷದವಳಿದ್ದಾಗ ಹೊಸ ವರ್ಷದ ಹಬ್ಬಕ್ಕೆ ನಿಂಗ್‌ಬೊದ ಬಟ್ಟೆ ಕಾರ್ಖಾನೆಯಿಂದ ಅಮ್ಮ ಬಂದಳು. ಇವಳು ಅಜ್ಜಿಯ ಹಿಂದೆ ಅಡಗಿ ‘ಈ ಅತ್ತೆ ಯಾವಾಗ ಹೋಗುತ್ತಾರೆ’ ಎಂದು ಕೇಳಿದಳಂತೆ. ಅಮ್ಮ ನಕ್ಕಳಂತೆ. ಆ ನಗು ಹೇಗಿತ್ತು ಎಂದು ನಾನು ಕೇಳಲಿಲ್ಲ.

ಅಂಕಿಗಳು ಬೇಕಾದವರಿಗೆ: 1978ರಲ್ಲಿ ಚೀನಾದ ನೂರು ಜನರಲ್ಲಿ ನಗರವಾಸಿಗಳು ಹದಿನೆಂಟಕ್ಕಿಂತ ತುಸು ಕಡಿಮೆ. 2011ರಲ್ಲಿ ಮೊದಲ ಬಾರಿಗೆ ಅರ್ಧ ದಾಟಿತು. 2020ರ ಜನಗಣತಿಯಲ್ಲಿ ಸುಮಾರು 64. ಲೇಖಕ ಫೆಂಗ್ ಜಿತ್ಸಾಯ್ ಹಳೆಯ ಹಳ್ಳಿಗಳಿಗಾಗಿ ಬಹಳ ಕಾಲದಿಂದ ದನಿಯೆತ್ತುತ್ತ ಬಂದವರು. ಅವರು ಮುಂದಿಟ್ಟ ಲೆಕ್ಕದಂತೆ 2000ದಲ್ಲಿ 36.3 ಲಕ್ಷ ಇದ್ದ ಹಳ್ಳಿ, ಕೇರಿಗಳು 2010ರ ಹೊತ್ತಿಗೆ 27.1 ಲಕ್ಷಕ್ಕೆ ಇಳಿದವು. ಹತ್ತು ವರ್ಷಕ್ಕೆ ಒಂಬತ್ತು ಲಕ್ಷ ಊರು. ಅಜ್ಜಿಯ ಊರು ಆ ಲೆಕ್ಕದಲ್ಲಿ ಇನ್ನೂ ಬದುಕಿರುವ ಊರು. ನಾವಿದ್ದ ಮೂರು ದಿನ ಹಬ್ಬದ್ದರಿಂದ ಬೀದಿ ತುಂಬಿತ್ತು. ಉಳಿದ ದಿನಗಳಲ್ಲಿ ಹೊಗೆ ಏಳುವ ಮನೆಗಳು ಹನ್ನೊಂದು ಎಂದು ಅಜ್ಜಿ ಬೆರಳು ಮಡಿಸಿ ಎಣಿಸಿದರು.

ಚಿಂಗ್‌ಮಿಂಗ್ ದಿನ ಬೆಳಿಗ್ಗೆ ಬುಟ್ಟಿ ಹೊತ್ತು ಬೆಟ್ಟ ಹತ್ತಿದೆವು. ಕೆಳಗೆ ಸಾಸಿವೆಯ ಜಾತಿಯ ಹಳದಿ ಹೂವು ಉದುರುವ ಹೊತ್ತು. ಚಹಾ ತೋಟದಲ್ಲಿ ಕುಡಿ ಕೀಳುವವರೆಲ್ಲ ಅರುವತ್ತು ದಾಟಿದ ಹೆಂಗಸರು. ಚಿಂಗ್‌ಮಿಂಗ್‌ಗೆ ಮೊದಲು ಕಿತ್ತ ಕುಡಿಗೆ ಬೆಲೆ ಹೆಚ್ಚು, ಆದ್ದರಿಂದ ಹಿಂದಿನ ವಾರವೆಲ್ಲ ಅಜ್ಜಿಯ ಬೆರಳಿಗೂ ಬಿಡುವಿರಲಿಲ್ಲ. ಉಗುರಿನ ಸಂದಿಯಲ್ಲಿ ಕಪ್ಪು ಕಲೆ ಉಳಿದಿತ್ತು. ಬೆಟ್ಟದ ಬಾಯಿಯಲ್ಲಿ ಕೆಂಪು ತೋಳುಪಟ್ಟಿ ಕಟ್ಟಿದ ಕಾವಲುಗಾರ ಕುಳಿತಿದ್ದ. ಪಕ್ಕದಲ್ಲಿ ಧ್ವನಿವರ್ಧಕವೊಂದು ಹೇಳಿದ್ದನ್ನೇ ಹೇಳುತ್ತಿತ್ತು: ಕಾಡಿಗೆ ಬೆಂಕಿ ತರಬೇಡಿ, ಪಟಾಕಿ ಬೇಡ, ಕಾಗದ ಸುಡುವುದು ಬೇಡ, ಹೂವು ಇಟ್ಟು ನಮಿಸಿರಿ. ಬುಟ್ಟಿ ತೋರಿಸಿದೆವು. ಸೇವಂತಿಗೆ, ಕಿತ್ತಳೆ, ಬೇಯಿಸಿದ ಹಂದಿಮಾಂಸ, ಒಂದು ಸೀಸೆ ಮದ್ಯ. ಕಾಗದದ ಹಣವಿಲ್ಲ. ನಿಯಮ ಒಳ್ಳೆಯದೇ, ಒಣಗಿದ ಬಿದಿರುಕಾಡಿಗೆ ಒಂದು ಕಿಡಿ ಸಾಕು.

ಆ ರಾತ್ರಿ ಊಟವಾದ ಮೇಲೆ ಅಜ್ಜಿ ಒಂದು ಹಳೆಯ ಕಬ್ಬಿಣದ ಬೋಗುಣಿ ತಂದು ಆಕಾಶಕ್ಕೆ ತೆರೆದ ಅಂಕಣದಲ್ಲಿಟ್ಟರು. ಮಂಚದಡಿಯಿಂದ ಚಿನ್ನದ ಬಣ್ಣದ ಕಾಗದದ ಕಂತೆಗಳು ಹೊರಬಂದವು. ಒಂದೊಂದಾಗಿ ಬೆಂಕಿಗೆ ಹಾಕುತ್ತ ಏನೋ ಗೊಣಗುತ್ತಿದ್ದರು. ಬೆಟ್ಟದ ಮೇಲೆ ಸುಡಲು ಬಿಡುವುದಿಲ್ಲ, ದಾರಿ ಗೊತ್ತಿದೆಯಲ್ಲ, ಮನೆಗೇ ಬಂದು ತೆಗೆದುಕೊಂಡು ಹೋಗಿ, ಎಂದು ಗಂಡನಿಗೆ ಹೇಳುತ್ತಿದ್ದಾರೆ ಎಂದಳು ಗೆಳತಿ. ಕೊನೆಗೆ ಒಂದು ಕಂತೆ ಬೇರೆಯಾಗಿ ಸುಟ್ಟರು. ಅದು ಯಾರೂ ಇಲ್ಲದ ಅನಾಥ ಆತ್ಮಗಳಿಗಂತೆ, ಇಲ್ಲದಿದ್ದರೆ ಅವು ದಾರಿಯಲ್ಲಿ ಕಿತ್ತುಕೊಳ್ಳುತ್ತವಂತೆ.

ಅಜ್ಜಿಯ ಮನೆಯ ಅಟ್ಟದಲ್ಲಿ ಎರಡು ಗಟ್ಟಿಯಾದ ಮರದ ಸ್ಟ್ಯಾಂಡುಗಳಿದ್ದವು. ಅವುಗಳ ಮೇಲೆ ಬಿದಿರಿನ ತಟ್ಟೆಗಳಲ್ಲಿ ಕಳಲೆ ಒಣಹಾಕಿದ್ದರು. ಕಳಲೆಗೆ ಇಷ್ಟು ದಪ್ಪನೆಯ ಆಸರೆ ಯಾಕೆ ಎಂದು ಕೇಳಿದ್ದು ನನ್ನ ಅಧಿಕಪ್ರಸಂಗ. ಅಲ್ಲಿ ಅಜ್ಜಿಯ ಶವಪೆಟ್ಟಿಗೆ ಇತ್ತಂತೆ. ಅರುವತ್ತು ತುಂಬಿದಾಗ ಮಾಡಿಸಿದ್ದು, ಅವರೇ ಮರ ಆರಿಸಿದ್ದು, ವರ್ಷಕ್ಕೊಮ್ಮೆ ಅರಗು ಬಳಿಸುತ್ತಿದ್ದರು. ಚೀನಾದ ಹಳ್ಳಿಗಳಲ್ಲಿ ಇದನ್ನು ‘ಆಯುಷ್ಯದ ಮರ’ ಎನ್ನುತ್ತಾರೆ. ಮನೆಯಲ್ಲಿಟ್ಟರೆ ಅಶುಭವಲ್ಲ, ಆಯುಷ್ಯ ಹೆಚ್ಚುತ್ತದೆ. ಹೂಳುವುದು ಬಿಟ್ಟು ಸುಡಬೇಕು, ಹೊಲದ ನೆಲ ಉಳಿಯಬೇಕು ಎಂಬ ಸರ್ಕಾರಿ ಸುಧಾರಣೆ ದಶಕಗಳಷ್ಟು ಹಳೆಯದು. ಬೆಟ್ಟದಾಚೆಯ ಜಿಯಾಂಗ್‌ಶಿ ಪ್ರಾಂತ್ಯದಲ್ಲಿ 2018ರಲ್ಲಿ ಅಧಿಕಾರಿಗಳು ಮನೆಮನೆಗೆ ಹೋಗಿ ಮುದುಕರ ಪೆಟ್ಟಿಗೆಗಳನ್ನು ಹೊರಗೆಳೆದು ಯಂತ್ರಗಳಿಂದ ಪುಡಿ ಮಾಡಿದರು. ಒಳಗೆ ಮಲಗಿ ಬಿಡೆನೆಂದವರ ವಿಡಿಯೊಗಳು ಹರಿದಾಡಿದವು. ಸರ್ಕಾರಿ ಪತ್ರಿಕೆಗಳೇ ಇದು ಅತಿಯಾಯಿತು ಎಂದು ಬರೆದವು. ಅಜ್ಜಿಯದು ಹಾಗೆ ಹೋಗಲಿಲ್ಲ. ಬಲವಂತ ಬರುವ ಮೊದಲೇ ಅವರೇ ಬಡಗಿಯನ್ನು ಕರೆಸಿ ಬಿಚ್ಚಿಸಿದರು. ಒಳ್ಳೆಯ ಹಲಗೆ, ಪೋಲಾಗಬಾರದು. ಅದರ ಒಂದು ಹಲಗೆ ಈಗ ಅಡುಗೆಮನೆಯಲ್ಲಿ ತರಕಾರಿ ಹೆಚ್ಚುವ ಮಣೆ. ಅಂದು ಮಧ್ಯಾಹ್ನ ನಾನು ತಿಂದ ಮೂಲಂಗಿ ಅದರ ಮೇಲೆ ಹೆಚ್ಚಿದ್ದೇ. ಸುಧಾರಣೆಯ ಪರವಾಗಿ ಎಷ್ಟು ವಾದ ಬೇಕಾದರೂ ನಾನು ಮಾಡಬಲ್ಲೆ. ಆದರೂ ಸಾವಿಗೆಂದು ಒಬ್ಬರು ಇಪ್ಪತ್ತು ವರ್ಷ ಒಪ್ಪವಾಗಿಟ್ಟುಕೊಂಡ ವಸ್ತುವಿಗೆ ಯಾವ ಕಚೇರಿಯಲ್ಲಿ ಪರಿಹಾರದ ದರ ನಿಗದಿ ಮಾಡುತ್ತಾರೋ ನನಗೆ ತಿಳಿಯದು.

ಕುಲದ ಗುಡಿಯ ವಿಷಯ ಹೆಚ್ಚು ಬೆಳೆಸುವುದಿಲ್ಲ. 1966ರಲ್ಲಿ ಸಾಂಸ್ಕೃತಿಕ ಕ್ರಾಂತಿ ಶುರುವಾದ ಮೇಲೆ ಹಿರಿಯರ ಹೆಸರಿನ ಮರದ ಫಲಕಗಳು ಬೆಂಕಿಗೆ ಹೋದವು, ಗುಡಿ ದವಸದ ಉಗ್ರಾಣವಾಯಿತು, ಗೋಡೆಯ ಘೋಷಣೆ ಇನ್ನೂ ಮಸುಕಾಗಿ ಕಾಣುತ್ತದೆ. ಈಗ ವೀಚಾಟ್ ಗುಂಪಿನಲ್ಲಿ ಚಂದಾ ಎತ್ತಿ ಹೆಂಚು ಹೊದಿಸಿದ್ದಾರೆ. ವಂಶಾವಳಿಯ ಪುಸ್ತಕವನ್ನೂ ಹೊಸದಾಗಿ ಅಚ್ಚು ಹಾಕಿಸಿದ್ದಾರೆ. ಅದರಲ್ಲಿ ಗೆಳತಿಯ ಹೆಸರಿದೆ. ಅವಳ ಅಜ್ಜಿಯ ಪೂರ್ತಿ ಹೆಸರು ಇಲ್ಲ, ಇಂಥ ಮನೆತನದಿಂದ ಬಂದವರು ಎಂದಷ್ಟೇ ಇದೆ. ಹಿಂದೆ ಹೆಣ್ಣುಮಕ್ಕಳನ್ನು ಬರೆಯುತ್ತಿರಲಿಲ್ಲ. ಒಂದೇ ಮಗುವಿನ ನಿಯಮದ ದಶಕಗಳಲ್ಲಿ ಹೆಣ್ಣುಮಗು ಮಾತ್ರ ಇರುವ ಮನೆಗಳು ಎಷ್ಟಾದವೆಂದರೆ, ಅವರನ್ನು ಬಿಟ್ಟರೆ ಬರೆಯಲು ವಂಶವೇ ಇಲ್ಲ.

ಮರುದಿನ ಪಕ್ಕದ ಬಿಶಾನ್‌ಗೆ ಹೋಗಿದ್ದೆವು. ಅಲ್ಲಿ 2011ರಲ್ಲಿ ಔ ನಿಂಗ್ ಎಂಬ ಕಲಾ ಸಂಘಟಕರು ಗೆಳೆಯರೊಂದಿಗೆ ಹಳ್ಳಿಯನ್ನು ಮತ್ತೆ ಕಟ್ಟುವ ಪ್ರಯೋಗ ಶುರುಮಾಡಿದ್ದರು. ಸುಗ್ಗಿ ಹಬ್ಬ ಮಾಡಿದರು. 2014ರಲ್ಲಿ ಹಳೆಯ ಕುಲದ ಗುಡಿಯೊಂದರಲ್ಲಿ ಪುಸ್ತಕದಂಗಡಿಯೂ ಬಂತು, ಬಹಳ ಸೊಗಸಾದ ಅಂಗಡಿ. ಅದೇ ವರ್ಷ ಊರು ನೋಡಲು ಬಂದ ಸಂಶೋಧನಾ ವಿದ್ಯಾರ್ಥಿನಿಯೊಬ್ಬಳು ಅಂತರ್ಜಾಲದಲ್ಲಿ ಟೀಕೆ ಬರೆದಳು. ಬೀದಿದೀಪವಿಲ್ಲದಿದ್ದರೆ ನಕ್ಷತ್ರ ಚೆನ್ನಾಗಿ ಕಾಣುತ್ತದೆ ಎಂದು ಹೊರಗಿನವರು ಹೇಳುತ್ತಾರೆ, ಊರವರಿಗೆ ಬೀದಿದೀಪ ಬೇಕು ಎಂಬುದು ಅದರ ತಿರುಳು. ದೊಡ್ಡ ಗದ್ದಲವಾಯಿತು. ಔ ನಿಂಗ್ ಆರೋಪವನ್ನು ಒಪ್ಪದೆ ಉದ್ದನೆಯ ಉತ್ತರ ಬರೆದರು. 2016ರಲ್ಲಿ ಅವರು ಊರನ್ನೇ ಬಿಡಬೇಕಾಯಿತು, ಹೊರಡಿಸಿದ್ದು ಬೀದಿದೀಪ ಕೇಳಿದವರಲ್ಲ, ಮೇಲಿನವರು. ನನಗೆ ಎರಡೂ ಕಡೆಯವರ ಮೇಲೆ ಪ್ರೀತಿ ಇದೆ. ಆದರೆ ಕತ್ತಲಲ್ಲಿ ಕಾಲು ಜಾರಿ ಬೀಳುವವರು ಯಾರೋ ಅವರಿಗೆ ಮೊದಲ ಮತ ಕೊಡಬೇಕು ಅನ್ನಿಸುತ್ತದೆ.

ಅಜ್ಜಿಯ ಊರಿನಲ್ಲಿ ಸೌರ ಬೀದಿದೀಪಗಳಿವೆ. ಇನ್ನೊಂದು ಹೊಸತನವೂ ಇದೆ, ಅದು ಅವರಿಗೆ ಬಹಳ ಹಿಡಿಸಿದೆ. ಶಿನ್‌ಆನ್ ನದಿಯ ಕೆಳಭಾಗದ ಝೆಜಿಯಾಂಗ್ ಪ್ರಾಂತ್ಯ ಮತ್ತು ಮೇಲ್ಭಾಗದ ಆನ್‌ಹುಯಿ ನಡುವೆ 2012ರಿಂದ ಒಂದು ಒಪ್ಪಂದ ಜಾರಿಯಲ್ಲಿದೆ. ಗಡಿಯಲ್ಲಿ ನೀರು ಶುದ್ಧವಾಗಿದ್ದರೆ ಆನ್‌ಹುಯಿಗೆ ಝೆಜಿಯಾಂಗ್ 10 ಕೋಟಿ ಯುವಾನ್ ಕೊಡಬೇಕು, ಇಲ್ಲದಿದ್ದರೆ ಆನ್‌ಹುಯಿಯೇ ತೆರಬೇಕು ಎಂದು ಶುರುವಾದ ಪಂದ್ಯ ಅದು. ಅದರ ಬಾಲವಾಗಿ ಹಳ್ಳಿಗಳಲ್ಲಿ ಕಸ ಕೊಟ್ಟು ಸಾಮಾನು ತರುವ ಅಂಗಡಿಗಳು ಬಂದವು. ಅಜ್ಜಿ ತೊರೆಯ ಬದಿಯ ಪ್ಲಾಸ್ಟಿಕ್ ಬಾಟಲಿ ಆರಿಸಿ ಚೀಲ ತುಂಬಿ, ಅದಕ್ಕೆ ಬದಲಾಗಿ ಉಪ್ಪಿನ ಪೊಟ್ಟಣ ತರುತ್ತಾರೆ. ಉಪ್ಪಿನಿಂದ ಅರಮನೆ ಕಟ್ಟಿದವರ ಸೀಮೆಯಲ್ಲಿ ಈಗ ಉಪ್ಪು ಹೀಗೂ ಬರುತ್ತದೆ. ಬಾಟಲಿ ಎಸೆಯುವವರು ಹೆಚ್ಚಾಗಿ ನಮ್ಮಂಥ ರಜೆಯ ಅತಿಥಿಗಳು.

ಹೊರಡುವ ದಿನ ಹಬ್ಬಕ್ಕೆ ಬಂದಿದ್ದ ಮಗ ಸೊಸೆ ಬೆಳಗಿನ ಜಾವವೇ ಕಾರು ಹತ್ತಿ ನಿಂಗ್‌ಬೊಗೆ ಹೋಗಿದ್ದರು. ಎರಡೇ ರಾತ್ರಿ ಮಲಗಿದ್ದರು ಹೊಸ ಮನೆಯಲ್ಲಿ. ಹಳ್ಳಿಯ ನಿವೇಶನದ ಮನೆಯನ್ನು ನಗರದವರಿಗೆ ಮಾರುವಂತಿಲ್ಲ, ಬಾಡಿಗೆಗೆ ಬರುವವರೂ ಇಲ್ಲ. ದುಡಿದದ್ದನ್ನೆಲ್ಲ ಅದರ ಮೇಲೆ ಯಾಕೆ ಸುರಿದರು ಎಂದು ಗೆಳತಿಯನ್ನು ಕೇಳಿದ್ದೆ. ‘ಅಪ್ಪ ನಿಂಗ್‌ಬೊದಲ್ಲಿ ಇಪ್ಪತ್ತಾರು ವರ್ಷದಿಂದ ಬಾಡಿಗೆಗಿದ್ದಾರೆ. ಹಬ್ಬಕ್ಕೆ ಬಂದಾಗ ತಮ್ಮದೇ ಬಾಗಿಲು ತೆಗೆಯಬೇಕು ಅನ್ನಿಸುವುದಿಲ್ಲವೇ’ ಎಂದಿದ್ದಳು.

ಅಜ್ಜಿ ಹೊಳೆಯುವ ಬೀಗದ ಕೈ ಹಿಡಿದು ಹೊರಟರು, ನಾವೂ ಹಿಂಬಾಲಿಸಿದೆವು. ಪಡಸಾಲೆಯ ನೆಲಕ್ಕೆ ಹೊಳಪಿನ ಕಲ್ಲು, ಸೋಫಾದ ಮೇಲೆ ಇನ್ನೂ ಅಂಗಡಿಯ ಪ್ಲಾಸ್ಟಿಕ್ ಹೊದಿಕೆ. ಗೋಡೆಯ ಬದಿಗೆ ಭತ್ತದ ಮೂಟೆಗಳು, ಮೂರನೆಯ ಅಂತಸ್ತಿನ ಸ್ನಾನದ ಮನೆಯ ಕೊಳವೆಗೆ ತೂಗಿಬಿಟ್ಟ ಉಪ್ಪು ಹಚ್ಚಿದ ಹಂದಿಯ ತೊಡೆ. ಅಜ್ಜಿ ಕಿಟಕಿಗಳನ್ನು ಒಂದೊಂದಾಗಿ ಮುಚ್ಚಿ ಚಿಲಕ ಹಾಕಿದರು. ಆಮೇಲೆ ಮೇಲಿನಿಂದ ಕೆಳಕ್ಕೆ ಇಳಿಯುತ್ತ ಮೂರೂ ಶೌಚಾಲಯಗಳಲ್ಲಿ ಒಂದೊಂದು ಸಲ ನೀರು ಬಿಟ್ಟರು. ಹದಿನೈದು ದಿನಕ್ಕೊಮ್ಮೆ, ಅಮಾವಾಸ್ಯೆಗೂ ಹುಣ್ಣಿಮೆಗೂ, ಹೀಗೆ ಮಾಡದಿದ್ದರೆ ಕೊಳವೆಯ ಬಾಗಿನಲ್ಲಿ ನೀರು ಆರಿ ಮನೆಯೆಲ್ಲ ವಾಸನೆ ಹೊಡೆಯುತ್ತದೆ ಎಂದು ಮಗ ಹೇಳಿಕೊಟ್ಟಿದ್ದನಂತೆ. ಕೆಳಗಿನ ತೊಟ್ಟಿಯಲ್ಲಿ ಮತ್ತೆ ನೀರು ತುಂಬುವ ಸದ್ದು ನಿಲ್ಲುವವರೆಗೆ ಅವರು ಬಾಗಿಲಲ್ಲಿ ಕಾದು ನಿಂತರು. ನಿಂತ ಮೇಲೆ ಬೀಗ ಹಾಕಿ, ಎರಡು ಸಲ ಎಳೆದು ನೋಡಿದರು.